ಆಫ್ರಿಕಾದ ಆಶಾ ಯಾರ ಮನೆ ಮಗಳು?

ಪ್ರಶ್ನೆ: ನಾವು ಹಾಸನದ ಕಡೆಯವರು. ಕೆಲಸದ ಮೇಲೆ ಎರಡು ವರ್ಷದಿಂದ ತಾಂಜಾನಿಯಾದ ದಾರ್-ಎಸ್-ಸಲಾಮ್‌ನಲ್ಲಿದ್ದೇವೆ. ನನ್ನ ಹೆಂಡತಿ ಹೆಸರು ಆಶಾ. ಮೊನ್ನೆ ಮನೆ ಹತ್ತಿರದ ಅಂಗಡಿಯವರು ಅವಳ ಹೆಸರು ಕೇಳಿ, "ಓ, ನೀವು ಮುಸ್ಲಿಮರಾ?" ಅಂದರು. ಹಣೆ ಮೇಲೆ ಕುಂಕುಮ ಇದ್ದರೂ ಕೇಳಿದರು! ಆಮೇಲೆ ನೋಡಿದರೆ ಅಂಗಡಿಯವರ ಮಗಳೂ ಆಶಾ, ಹಿಂದಿನ ಬೀದಿಯ ಅಜ್ಜಿಯೂ ಆಶಾ. ಅವರ ಪ್ರಕಾರ ಹೆಸರಿನ ಅರ್ಥ 'ಬದುಕು'. ಗುಜರಾತಿಗಳು ಇಲ್ಲಿ ತಲೆಮಾರುಗಳಿಂದ ಇದ್ದಾರಲ್ಲ, ನಮ್ಮ ಹೆಸರೇ ಇಲ್ಲಿಗೆ ಬಂದು ಅರ್ಥ ಬದಲಾಯಿಸಿಕೊಂಡಿದೆಯಾ?

ಉತ್ತರ: ಇಲ್ಲ. ನಿಮ್ಮ ಮನೆಯವರ ಹೆಸರಿಗೂ ಅಂಗಡಿಯವರ ಮಗಳ ಹೆಸರಿಗೂ ನೆಂಟಸ್ತನ ಇಲ್ಲ. ಕೂಗಿದರೆ ಇಬ್ಬರೂ ತಿರುಗಿ ನೋಡುತ್ತಾರೆ, ಅಷ್ಟೇ. ಅಂಗಡಿಯವರು ಕೇಳಿದ್ದರಲ್ಲಿ ತಪ್ಪೂ ಇಲ್ಲ. ಅವರ ಊರಲ್ಲಿ ಆಶಾ ಅಂದರೆ ಆಯಿಶಾ.

ಆಯಿಶಾ ಅರಬ್ಬಿ ಹೆಸರು. ಪ್ರವಾದಿ ಮುಹಮ್ಮದರ ಪತ್ನಿಯ ಹೆಸರು ಅದು. ಹಾಗಾಗಿ ಇಸ್ಲಾಂ ಹೋದ ಕಡೆಯೆಲ್ಲ ಹೋಗಿದೆ, ಹೋದ ಕಡೆಯೆಲ್ಲ ಅಲ್ಲಿನ ನಾಲಿಗೆಗೆ ತಕ್ಕಂತೆ ಸವೆದಿದೆ. ಅರಬ್ಬಿಯಲ್ಲಿ ಅದು ಶುರುವಾಗುವುದೇ 'ಐನ್' ಅನ್ನುವ ಅಕ್ಷರದಿಂದ. ಗಂಟಲನ್ನು ಒಳಗಿಂದ ಬಿಗಿಹಿಡಿದು ಹೊರಡಿಸುವ ಸದ್ದು ಅದು. ನಮಗೂ ಬರುವುದಿಲ್ಲ, ನಿಮ್ಮ ಸುತ್ತಲಿನ ಸ್ವಾಹಿಲಿ ಮಾತಾಡುವವರಿಗೂ ಬರುವುದಿಲ್ಲ. ಅವರು ಅದನ್ನು ಕೈಬಿಟ್ಟರು. ನಡುವಿನ 'ಯಿ' ಕೂಡ ಕರಗಿತು. ಉಳಿದದ್ದು ಆಶಾ. ಕೆಲವರ ಬಾಯಲ್ಲಿ ಎಶಾ, ಎಶೆ. ಸ್ವಾಹಿಲಿಯಲ್ಲಿ ಹೆಚ್ಚುಕಡಿಮೆ ಎಲ್ಲ ಪದಗಳಲ್ಲೂ ಕೊನೆಯಿಂದ ಎರಡನೇ ಅಕ್ಷರದ ಮೇಲೆ ಒತ್ತು ಬೀಳುತ್ತದೆ. ಹಾಗಾಗಿ ಇಲ್ಲಿ 'ಆ' ಎಳೆಯುತ್ತದೆ, ಕೇಳುವ ಕನ್ನಡಿಗನ ಕಿವಿಗೆ ಥೇಟ್ ನಮ್ಮ ಪಕ್ಕದ ಮನೆ ಆಶಾ.

ಸೊಮಾಲಿಗಳಲ್ಲೂ ಆಶಾ ಇದ್ದಾಳೆ. ಆದರೆ ಅವರು ಗಂಟಲಿನ ಸದ್ದನ್ನು ಬಿಟ್ಟಿಲ್ಲ. ರೋಮನ್ ಲಿಪಿಯಲ್ಲಿ ಬರೆಯುವಾಗ ಆ ಸದ್ದಿಗೆ 'ಸಿ' ಅಕ್ಷರ ಹಾಕುತ್ತಾರೆ. ಮುಂದೆ ಯಾವಾಗಾದರೂ ಸೊಮಾಲಿ ಪಾಸ್‌ಪೋರ್ಟ್‌ನಲ್ಲಿ ಆ ಹೆಸರು ನೋಡಿದರೆ 'ಕಾಶಾ' ಅಂತ ಓದಬೇಡಿ! ಟರ್ಕಿಯಲ್ಲಿ ಅದೇ ಹೆಸರು ಐಶೆ. ಅಷ್ಟು ದೂರ ಯಾಕೆ, ನಮ್ಮ ದಕ್ಷಿಣ ಕನ್ನಡದ ಬ್ಯಾರಿ ಮನೆಗಳಲ್ಲಿ ಹಳೆ ಕಾಲದ ಐಸಮ್ಮಂದಿರು ಇದ್ದಾರಲ್ಲ, ಅವರೂ ಇವರೇ.

ಈಗ ಅರ್ಥಕ್ಕೆ ಬರೋಣ. ಅರಬ್ಬಿಯಲ್ಲಿ 'ಆಶ' ಅಂದರೆ 'ಬದುಕಿದ' ಅಂತ ಕ್ರಿಯಾಪದ. ಆಯಿಶಾ ಅಂದರೆ 'ಬದುಕಿರುವವಳು'. ಹುಟ್ಟಿದ ಮಗು ಉಳಿಯುತ್ತೋ ಇಲ್ಲವೋ ಅನ್ನುವ ಕಾಲದಲ್ಲಿ ಇಂಥ ಹೆಸರು ಎಷ್ಟು ತೂಕದ್ದು ಅಂತ ಹೇಳಬೇಕಾಗಿಲ್ಲ. ಇದೇ ಬೇರಿನ ಇನ್ನೂ ಎರಡು ಪದ ನೀವು ದಿನಾ ಆಡುತ್ತಿದ್ದೀರಿ. 'ನಿನಾಇಶಿ ದಾರ್-ಎಸ್-ಸಲಾಮ್' ಅಂದರೆ ನಾನು ದಾರ್-ಎಸ್-ಸಲಾಮ್‌ನಲ್ಲಿ ವಾಸ ಮಾಡುತ್ತೇನೆ, ಅಲ್ವಾ? ಆ 'ಇಶಿ' ಅಲ್ಲಿಂದಲೇ ಬಂದದ್ದು. ಬದುಕಿಗೆ ಸ್ವಾಹಿಲಿಯಲ್ಲಿ 'ಮಾಇಶಾ' ಅನ್ನುತ್ತಾರೆ. ಅದೂ ಇದೇ ಮನೆತನ.

ನನಗೆ ತುಂಬಾ ಇಷ್ಟವಾದದ್ದು ಮುಂದಿನದು. ಅರಬ್ಬಿಯ ಇದೇ ಬೇರಿನಿಂದ 'ಐಶ್' ಅನ್ನುವ ನಾಮಪದವೂ ಹುಟ್ಟಿದೆ. ಅರ್ಥ ಜೀವನ. ಈಜಿಪ್ಟಿನವರು ಅದನ್ನು ರೊಟ್ಟಿಗೆ ಇಟ್ಟುಕೊಂಡರು. ಅಲ್ಲಿ ಹೋಟೆಲಿನಲ್ಲಿ ಐಶ್ ಕೇಳಿದರೆ ರೊಟ್ಟಿ ತಂದಿಡುತ್ತಾರೆ. ಪರ್ಷಿಯನ್ನರ ಕೈಗೆ ಸಿಕ್ಕಿದಾಗ ಅದು ಸುಖದ ಜೀವನವಾಯಿತು, ಮೋಜಾಯಿತು. ಅವರು ಪಕ್ಕದಲ್ಲಿ 'ಆರಾಮ್' ಸೇರಿಸಿದರು. ಅದು ಉರ್ದು ದಾರಿಯಲ್ಲಿ ನಮ್ಮೂರಿಗೆ ಬಂದು ಐಷಾರಾಮ ಆಯಿತು. 'ಏನೋ, ಭಾರಿ ಐಷ್ ಮಾಡ್ತಿದೀಯಂತೆ' ಅನ್ನುತ್ತೇವಲ್ಲ, ಆ ಐಷ್. ಅಂದರೆ ಅಂಗಡಿಯವರ ಮಗಳು ಆಶಾಗೆ ಕನ್ನಡದಲ್ಲಿ ನೆಂಟರು ಇದ್ದಾರೆ. ಆದರೆ ಅದು ನಮ್ಮ ಆಶಾ ಅಲ್ಲ, ಆಸೆಯೂ ಅಲ್ಲ, ಐಷಾರಾಮ!

ನಮ್ಮ ಆಶಾ ಸಂಸ್ಕೃತದವಳು. ಅರ್ಥ ಎಲ್ಲರಿಗೂ ಗೊತ್ತು. ಸಂಸ್ಕೃತದಲ್ಲೇ ದಿಕ್ಕು ಅನ್ನುವ ಅರ್ಥದ ಇನ್ನೊಂದು ಆಶಾ ಕೂಡ ಇದೆ. ಪಾರ್ಸಿಗಳ ಹಳೆಯ ಗ್ರಂಥಭಾಷೆ ಅವೆಸ್ತಾದಲ್ಲಿ 'ಅಶ' ಅಂದರೆ ಸತ್ಯ, ಜಗತ್ತನ್ನು ನಡೆಸುವ ನಿಯಮ. ತಾಂಜಾನಿಯಾದ ಜಂಜಿಬಾರ್ ದ್ವೀಪದಲ್ಲಿ ಪಾರ್ಸಿಗಳೂ ಇದ್ದರು. ಗಾಯಕ ಫ್ರೆಡ್ಡಿ ಮರ್ಕ್ಯುರಿ 1946ರಲ್ಲಿ ಹುಟ್ಟಿದ್ದು ಅಲ್ಲೇ, ಪಾರ್ಸಿ ಮನೆಯಲ್ಲಿ. ಒಂದೇ ಪುಟ್ಟ ದ್ವೀಪದಲ್ಲಿ ಇಷ್ಟೆಲ್ಲ ಆಶಾಗಳು ಒಟ್ಟಿಗೆ ಸೇರಬಹುದಿತ್ತು. ಸದ್ದು ಒಂದೇ ಅಂತ ಸಂಬಂಧ ಕಟ್ಟಲು ಹೋದರೆ ಹೀಗೇ ಎಡವುತ್ತೇವೆ.

ಗುಜರಾತಿಗಳ ಬಗ್ಗೆ ನಿಮ್ಮ ಅನುಮಾನ ಸುಮ್ನೆ ಬಂದದ್ದಲ್ಲ. ಸ್ವಾಹಿಲಿಯಲ್ಲಿ ನಮ್ಮ ಕಡೆಯ ಮಾತು ಬೇಕಾದಷ್ಟಿವೆ. ವಾಹನಕ್ಕೆ ಗಾರಿ, ದುಡ್ಡಿಗೆ ಪೆಸಾ, ವಿಮೆಗೆ ಬಿಮಾ, ಲಕ್ಷಕ್ಕೆ ಲಾಕಿ. ಚಪಾತಿ ಚಪಾತಿಯೇ, ಉಪ್ಪಿನಕಾಯಿ ಅಚಾರಿ. ಪಟ್ಟಿ ನೋಡಿ: ಎಲ್ಲ ಅಂಗಡಿ, ಅಡುಗೆಮನೆಯ ಸಾಮಾನು. ವ್ಯಾಪಾರಿ ಜೊತೆ ಸರಕಿನ ಹೆಸರು ಬಂದಿದೆ. ಮಕ್ಕಳಿಗಿಡುವ ಹೆಸರು ಹೆಚ್ಚಾಗಿ ಬಂದದ್ದು ಧರ್ಮದ ಜೊತೆ.

ಆ ಕರಾವಳಿಯಲ್ಲಿ ಇಸ್ಲಾಂ ಬಹಳ ಹಳೆಯದು. ಜಂಜಿಬಾರ್‌ನ ಕಿಜಿಮ್ಕಾಜಿ ಮಸೀದಿಯ ಶಾಸನ 1107ನೇ ಇಸವಿಯದು. 'ಸ್ವಾಹಿಲಿ' ಅನ್ನುವ ಮಾತೇ ಅರಬ್ಬಿಯ 'ಸಾಹಿಲ್'ನಿಂದ, ಅಂದರೆ ಕಡಲ ದಂಡೆಯಿಂದ ಬಂದದ್ದು. ನಮ್ಮಲ್ಲಿ ಹುಡುಗರಿಗೆ ಇಡುವ ಸಾಹಿಲ್ ಕೂಡ ಅದೇ. ಒಟ್ಟಿನಲ್ಲಿ ಸ್ವಾಹಿಲಿಗಳು ಅಂದರೆ 'ಕರಾವಳಿಯವರು'. ಅವರ ಹಾಯಿಹಡಗುಗಳು ನಂಬಿದ್ದು ಎರಡು ಗಾಳಿಗಳನ್ನು. ಈಶಾನ್ಯದಿಂದ ಬೀಸುವುದು ಕಸ್ಕಾಜಿ, ನೈಋತ್ಯದಿಂದ ಬೀಸುವುದು ಕುಸಿ. ಆ ಕುಸಿಯೇ ಮುಂದೆ ಬಂದು ನಮ್ಮ ಕಡೆ ಮುಂಗಾರು ಮಳೆ ಸುರಿಸುತ್ತದೆ. 1331ರಲ್ಲಿ ಆ ಕರಾವಳಿಯ ಮೊಂಬಾಸಾ, ಕಿಲ್ವಾ ಬಂದರುಗಳನ್ನು ನೋಡಿದ ಮೊರಾಕೊದ ಪ್ರವಾಸಿ ಇಬ್ನ್ ಬತೂತಾ 1340ರ ದಶಕದಲ್ಲಿ ನಮ್ಮ ಹೊನ್ನಾವರಕ್ಕೂ ಬಂದಿದ್ದ. ಅಲ್ಲಿ ಹುಡುಗಿಯರಿಗೇ ಹದಿಮೂರು ಶಾಲೆ ಇವೆ ಅಂತ ಬರೆದಿಟ್ಟ. ಆ ಶಾಲೆಗಳಲ್ಲಿ ಆಯಿಶಾಗಳು ಎಷ್ಟಿದ್ದರೋ!

ಈ ಓಡಾಟದಿಂದಲೇ ಎರಡೂ ದಂಡೆಗೆ ಅರಬ್ಬಿ ಮಾತು ಹಂಚಿಹೋಗಿದೆ. ನೀವು ಅಲ್ಲಿ 'ಹಬಾರಿ?' ಅಂತ ಯೋಗಕ್ಷೇಮ ಕೇಳುತ್ತೀರಿ, ಧಾರವಾಡದವರು 'ಖಬರಿಲ್ಲ' ಅನ್ನುತ್ತಾರೆ. ಅಲ್ಲಿ ದವಾ ಅಂದರೆ ಔಷಧಿ, ನಮ್ಮ ಉತ್ತರ ಕರ್ನಾಟಕದಲ್ಲಿ ದವಾಖಾನೆ. ಅಲ್ಲಿ ವಕಿಲಿ, ಇಲ್ಲಿ ವಕೀಲ. 'ಸಬಾಬು' ಅಂದರೆ ಅಲ್ಲಿ ಕಾರಣ. ಇಲ್ಲಿಗೆ ಬರುವಷ್ಟರಲ್ಲಿ ಅದು ಸಬೂಬು ಆಗಿದೆ. ಕಾರಣ ನೆಪವಾಗಿ ಇಳಿದದ್ದು ನಮ್ಮ ಆಫೀಸುಗಳಲ್ಲೇ ಇರಬೇಕು.

ಆಶಾ ಅನ್ನುವ ಹೆಸರು ಅಲ್ಲಿ ಎಲ್ಲಿಯವರೆಗೆ ಹೋಗಿದೆ ಅಂದರೆ, 2007ರಿಂದ 2012ರವರೆಗೆ ವಿಶ್ವಸಂಸ್ಥೆಯ ಉಪ ಮಹಾಕಾರ್ಯದರ್ಶಿ ಆಗಿದ್ದವರು ತಾಂಜಾನಿಯಾದ ಆಶಾ-ರೋಸ್ ಮಿಗಿರೊ. ಆಗ ಸುದ್ದಿಯಲ್ಲಿ ಆ ಹೆಸರು ಓದಿ 'ನಮ್ಮವರೇ ಇರಬೇಕು' ಅಂದುಕೊಂಡ ಭಾರತೀಯರು ನಿಮ್ಮ ಹಾಗೆ ಇನ್ನೂ ಎಷ್ಟೋ ಮಂದಿ.

ನಿಮ್ಮ ಮನೆಯವರು ಮುಂದಿನ ಸಲ ಅಂಗಡಿಗೆ ಹೋದಾಗ ಇಷ್ಟು ಹೇಳಲಿ: 'ಕ್ವೇತು, ಆಶಾ ಮಾನಾ ಯಾಕೆ ನಿ ತುಮಾಇನಿ.' ನಮ್ಮ ಕಡೆ ಆಶಾ ಅಂದರೆ ಭರವಸೆ ಅಂತ. ತುಮಾಇನಿ ಅನ್ನುವ ಹೆಸರನ್ನೂ ಅಲ್ಲಿ ಮಕ್ಕಳಿಗೆ ಇಡುತ್ತಾರೆ. ಅಂಗಡಿಯವರಿಗೆ ತಟ್ಟನೆ ಗೊತ್ತಾಗುತ್ತದೆ.

ಪ್ರಶ್ನೆ: ಹಾಗಾದರೆ ಸ್ವಾಹಿಲಿ ಹೆಣ್ಣುಮಕ್ಕಳ ಹೆಸರುಗಳೆಲ್ಲ ಅರಬ್ಬಿಯವೇನಾ? ಅವರದ್ದೇ ಮಣ್ಣಿನ ಹೆಸರು ಇಲ್ಲವಾ? (ಬೆಂಗಳೂರಿನ ಓದುಗರೊಬ್ಬರು)

ಉತ್ತರ: ಬಹಳಷ್ಟು ಅರಬ್ಬಿಯವೇ. ಸುಬಿರಾ ಅಂದರೆ ತಾಳ್ಮೆ, ನೇಮಾ ಅಂದರೆ ಕೃಪೆ, ಅಮಾನಿ ಅಂದರೆ ಶಾಂತಿ. ಆದರೆ ಇವನ್ನು 'ಹೊರಗಿನವು' ಅನ್ನಲು ನನಗೆ ಮನಸ್ಸು ಬರುವುದಿಲ್ಲ. ನಮ್ಮಲ್ಲಿ ಮಗಳಿಗೆ ಖುಷಿ ಅಂತ ಹೆಸರಿಟ್ಟವರು ಪರ್ಷಿಯನ್ ಹೆಸರಿಟ್ಟೆವು ಅಂದುಕೊಳ್ಳುತ್ತಾರಾ?

ಮಣ್ಣಿನ ಹೆಸರುಗಳೂ ಇವೆ. ಪಿಲಿ ಅಂದರೆ ಎರಡನೆಯವಳು, ತಾತು ಅಂದರೆ ಮೂರನೆಯವಳು. ಎರಡೂ ಅಚ್ಚ ಬಾಂಟು ಮಾತು, ಅಂದರೆ ಸ್ವಾಹಿಲಿ ಸೇರಿರುವ ಆಫ್ರಿಕಾದ ಭಾಷಾ ಕುಟುಂಬದ್ದು. ಕಸಿ ಕಟ್ಟಿದ ಹೆಸರುಗಳು ಇನ್ನೂ ಮಜವಾಗಿವೆ. 'ಮ್ವಾನಾ' (ಮಗು) ಅನ್ನುವ ಬಾಂಟು ಪದದ ಕೊನೆಗೆ ಅರಬ್ಬಿ ವಾರದ ಹೆಸರು ಸೇರಿಸುತ್ತಾರೆ. ಶುಕ್ರವಾರ ಹುಟ್ಟಿದವಳು ಮ್ವಾನಾಜುಮಾ, ಗುರುವಾರ ಹುಟ್ಟಿದವಳು ಮ್ವಾನಾಹಮಿಸಿ. ತುಳುನಾಡಿನ ತುಕ್ರ, ತನಿಯ, ಅಂಗಾರರನ್ನು ಬಲ್ಲವರಿಗೆ ಇದು ಹೊಸದಲ್ಲ. ಸ್ವಾಹಿಲಿ ವಾರದಲ್ಲೇ ಒಂದು ತಮಾಷೆ ಇದೆ. ಶನಿವಾರದಿಂದ ಬಾಂಟು ಲೆಕ್ಕ ಶುರು. ಒಂದು, ಎರಡು ಅಂತ ಎಣಿಸಿಕೊಂಡು ಬಂದು ಬುಧವಾರಕ್ಕೆ ಜುಮಾತಾನೊ, ಅಂದರೆ ಐದನೇ ದಿನ. ಮರುದಿನ ಗುರುವಾರ ಅಲ್ಹಮಿಸಿ. ಅರಬ್ಬಿಯಲ್ಲಿ ಅದರ ಅರ್ಥವೂ ಐದನೇ ದಿನ! ಎರಡು ಲೆಕ್ಕ ಒಂದೇ ವಾರದಲ್ಲಿ ಜಗಳವಿಲ್ಲದೆ ಕೂತಿವೆ.

ಎಲ್ಲ ಹೆಸರೂ ಹರಕೆಯ ಹೆಸರಲ್ಲ. ಶಿದಾ ಅಂದರೆ ಕಷ್ಟ. ನಮ್ಮ ತಿಪ್ಪಮ್ಮ, ಸಾಕಮ್ಮ ನೆನಪಾಗುತ್ತಾರೆ. ಜಂಜಿಬಾರ್‌ನ ಫುಂಬಾ ಹಳ್ಳಿಯಲ್ಲಿ 1880ರ ಸುಮಾರಿಗೆ ಹುಟ್ಟಿದ ಒಂದು ಹೆಣ್ಣುಮಗುವಿಗೆ ಇಟ್ಟ ಹೆಸರು ಮ್ತುಮ್ವಾ. 'ತುಮಾ' ಅಂದರೆ ಕಳಿಸು, ಕೆಲಸಕ್ಕೆ ಅಟ್ಟು. ಮ್ತುಮ್ವಾ ಅಂದರೆ ಅಟ್ಟಿಸಿಕೊಂಡವಳು, ಇನ್ನೊಬ್ಬರ ಆಳು. ನೇರವಾಗಿ ಹೇಳಬೇಕೆಂದರೆ ಗುಲಾಮಳು. ಆ ದ್ವೀಪದಲ್ಲಿ ಗುಲಾಮಗಿರಿಯನ್ನು ಕಾನೂನಿನಿಂದ ತೆಗೆದದ್ದು 1897ರಲ್ಲಿ. ಆ ಹುಡುಗಿ ಅಮ್ಮ ಮಾಡಿದ ಮಡಕೆಗಳನ್ನು ತಲೆ ಮೇಲೆ ಹೊತ್ತು ಮಾರುತ್ತಿದ್ದಳು. ಮಾರಲು ಕೂಗುವ ದನಿಯೇ ಹಾಡಿನ ದನಿಯಾಯಿತು. ಪಟ್ಟಣಕ್ಕೆ ಬಂದು ಆ ಕರಾವಳಿಯ ತಾರಬ್ ಸಂಗೀತ ಕಲಿತಳು. ಜನ ಅವಳ ಹೆಸರನ್ನೇ ಬದಲಾಯಿಸಿದರು. ಮ್ತುಮ್ವಾ ಹೋಗಿ ಸಿತಿ ಆಯಿತು. ಅರಬ್ಬಿಯ 'ಸಿತ್' ಅಂದರೆ ಒಡತಿ, ಅಮ್ಮಾವ್ರು. ಆಕೆಯೇ ಸಿತಿ ಬಿಂತಿ ಸಾದ್, ಸಾದ್ ಅವರ ಮಗಳು ಸಿತಿ.

1928ರಲ್ಲಿ ಅವರು ಹಡಗು ಹತ್ತಿ ಬಂದದ್ದು ನಮ್ಮ ಬಾಂಬೆಗೆ. ಗ್ರಾಮಫೋನ್ ತಟ್ಟೆಗೆ ಸ್ವಾಹಿಲಿಯಲ್ಲಿ ಹಾಡಿದರು. ಆ ತಟ್ಟೆಗಳು ಪೂರ್ವ ಆಫ್ರಿಕಾದ ಉದ್ದಕ್ಕೂ ಮಾರಾಟವಾದವು. 1950ರಲ್ಲಿ ತೀರಿಕೊಂಡರು. ತಾಂಜಾನಿಯಾದ ಪತ್ರಕರ್ತೆಯರ ಸಂಘ ತನ್ನ ಪತ್ರಿಕೆಗೆ ಇಟ್ಟ ಹೆಸರು 'ಸೌತಿ ಯಾ ಸಿತಿ', ಸಿತಿಯ ದನಿ. ಹುಟ್ಟಿದಾಗಿನ ಹೆಸರಲ್ಲೇ ಅವರು ಉಳಿದಿದ್ದರೆ ಆ ಪತ್ರಿಕೆಯ ಹೆಸರು 'ಗುಲಾಮಳ ದನಿ' ಅಂತಾಗುತ್ತಿತ್ತು.

ಪ್ರಶ್ನೆ: ಮಗಳಿಗೆ 'ಜೂರಿ' ಅಂತ ಹೆಸರಿಡೋಣ ಅಂತಿದ್ದೇವೆ. ಸ್ವಾಹಿಲಿಯಲ್ಲಿ 'ಸುಂದರಿ' ಅಂತೆ, ಹೌದಾ? (ಕ್ಯಾಲಿಫೋರ್ನಿಯಾದಲ್ಲಿರುವ ಓದುಗರು)

ಉತ್ತರ: ಮುಕ್ಕಾಲು ಪಾಲು ಹೌದು. ಸ್ವಾಹಿಲಿಯಲ್ಲಿ 'ಜೂರಿ' ಹೆಚ್ಚಾಗಿ ಒಂಟಿಯಾಗಿ ನಿಲ್ಲುವ ಪದವಲ್ಲ. ಸಾಮಾನ್ಯವಾಗಿ ಅದರ ಶುರುವಿಗೆ ಏನಾದರೂ ಅಂಟಬೇಕು. ಚೆಂದದ ಮಗು ಅಂದರೆ 'ಮ್ತೋತೊ ಮ್ಜೂರಿ', ಚೆಂದದ ಮನೆ 'ನ್ಯುಂಬಾ ನ್ಜೂರಿ', ಒಳ್ಳೆ ಪುಸ್ತಕ 'ಕಿತಾಬು ಕಿಜೂರಿ'. ಯಾವುದರ ಬಗ್ಗೆ ಹೇಳುತ್ತೀರೋ ಅದಕ್ಕೆ ತಕ್ಕಂತೆ ಮೊದಲ ಸದ್ದು ಬದಲಾಗುತ್ತದೆ. ಒಬ್ಬರನ್ನು ಬರೀ ಜೂರಿ ಅಂದರೆ ಚೆಲುವ, ಚೆಲುವಿ ಎರಡೂ ಅಲ್ಲದೆ 'ಚೆಲು' ಅಂತ ಅರ್ಧಕ್ಕೆ ನಿಲ್ಲಿಸಿದ ಹಾಗೆ.

ಹಾಗಂತ ಹೆಸರು ಕೆಟ್ಟದ್ದಲ್ಲ. ಅಮೆರಿಕದಲ್ಲಿ ಆಫ್ರಿಕನ್ ಮೂಲದವರು ಇಷ್ಟಪಟ್ಟು ಇಟ್ಟು ಇಟ್ಟು ಅದಕ್ಕೆ ಅಲ್ಲಿ ತನ್ನದೇ ಬಾಳು ಬಂದಿದೆ. 'ಚೆಲು' ಅಂತ ಮುದ್ದಿಗೆ ಕರೆಯುವ ಮನೆಗಳೂ ನಮ್ಮಲ್ಲಿ ಇವೆಯಲ್ಲ. ನಿಮ್ಮ ಮಗಳು ಎಂದಾದರೂ ಮೊಂಬಾಸಾಗೆ ಹೋದರೆ ಯಾರಾದರೂ ನಕ್ಕು ಶುರುವಿಗೆ ಒಂದು 'ಮ್' ಸೇರಿಸಿ ಕರೆಯಬಹುದು, ಅಷ್ಟೇ. ನನಗೆ ಅದಕ್ಕಿಂತ ಜಾಸ್ತಿ ಚಿಂತೆ ಊರಿನ ಅಜ್ಜಿಯದು. ನಾಮಕರಣದ ದಿನ ಮಗುವಿನ ಕಿವಿಯಲ್ಲಿ ಮೂರು ಸಲ ಆ ಹೆಸರು ಹೇಳಬೇಕಾದವರು ಅವರು. ಈಗಲೇ ಫೋನ್ ಮಾಡಿ ಒಂದು ಸಲ ಹೇಳಿಸಿ ನೋಡಿ.