ಸಂದರ್ಶನದ ಮಾತುಗಳನ್ನು ರಂಗಕ್ಕೆ ತರುವಾಗ ತಿದ್ದಬಹುದೇ?

ಒಕ್ಕಲೆಬ್ಬಿಸಲಾದವರ ಸಂದರ್ಶನಗಳಿಂದ ನಾಟಕ ಕಟ್ಟುವಾಗ ಅವರ ಮಾತನ್ನು ತಿದ್ದಬಹುದೇ ಎಂದು ಕೇಳಿದ್ದೀರಿ. ಕತ್ತರಿಸಬಹುದು, ಕ್ರಮ ಬದಲಿಸಬಹುದು. ಆದರೆ ಅವರು ಆಡದ ಮಾತನ್ನು ಅವರ ಬಾಯಿಗೆ ತುರುಕಬಾರದು ಎಂಬುದು ನನ್ನ ನಿಲುವು. 1991ರಲ್ಲಿ ನ್ಯೂಯಾರ್ಕಿನ ಕ್ರೌನ್ ಹೈಟ್ಸ್‌ನಲ್ಲಿ ಕಪ್ಪು ಜನರು ಹಾಗೂ ಯಹೂದಿಗಳ ನಡುವೆ ಗಲಭೆಯಾದ ಬಳಿಕ, ಅಮೆರಿಕದ ನಟಿ, ನಾಟಕಕಾರ್ತಿ ಅನಾ ಡೆವೇರ್ ಸ್ಮಿತ್ ಎರಡೂ ಕಡೆಯವರನ್ನು ಸಂದರ್ಶಿಸಿ, ಅವರ ತಡವರಿಕೆಯನ್ನೂ ಅರ್ಧಕ್ಕೆ ನಿಂತ ವಾಕ್ಯಗಳನ್ನೂ ಬಿಡದೆ, ಎಲ್ಲರ ಪಾತ್ರವನ್ನೂ ತಾವೊಬ್ಬರೇ ಅಭಿನಯಿಸಿದರು. ಎದುರಾಳಿಗಳ ನೋವು ಒಂದೇ ಕಂಠದಿಂದ ಕೇಳಿಬಂದದ್ದೇ ಆ ಪ್ರಯೋಗದ ಬಲ (ವಾಕ್ಯಗಳನ್ನು ನಯಗೊಳಿಸಿದ್ದರೆ ಅದು ಬರಿಯ ಭಾಷಣವಾಗುತ್ತಿತ್ತು). ಸಂದರ್ಶನಕ್ಕೆ ದೊರೆತ ಒಪ್ಪಿಗೆಯೇ ಪ್ರದರ್ಶನಕ್ಕೂ ಸಾಕೆಂದು ಭಾವಿಸದೆ, ಸಿದ್ಧವಾದ ಪಠ್ಯವನ್ನು ಮಾತಾಡಿದವರಿಗೆ ಓದಿಹೇಳಿ, ಅವರು ಬೇಡವೆಂದ ಭಾಗವನ್ನು ಕೈಬಿಡಿ. ಬದಲಾವಣೆಯೇ ಗುರಿಯಾದರೆ, ಪುನರ್ವಸತಿಯನ್ನು ನಿರ್ಧರಿಸುವ ಅಧಿಕಾರಿಗಳೂ ಪ್ರೇಕ್ಷಕರಲ್ಲಿರುವಂತೆ ನೋಡಿಕೊಂಡು, ಪ್ರದರ್ಶನ ಮುಗಿದೊಡನೆ ಅಲ್ಲಿಯೇ ಚರ್ಚೆ ನಡೆಸಿ.