75 ಅಶ್ವಶಕ್ತಿಯ ಮರದ ವಿಮಾನ

ಪ್ರಶ್ನೆ: 1930ರ ಸುಮಾರಿಗೆ ಇಂಗ್ಲೆಂಡಿನಲ್ಲಿ ತಯಾರಾದ ‘ಕಾಂಪರ್ ಸ್ವಿಫ್ಟ್’ ಎಂಬ ಮರದ ವಿಮಾನವು ಕೇವಲ 75 ಅಶ್ವಶಕ್ತಿಯ ಎಂಜಿನ್ನಿನಿಂದ ಗಂಟೆಗೆ 200 ಕಿ.ಮೀ.ಗೂ ಮೀರಿದ ವೇಗದಲ್ಲಿ ಹಾರುತ್ತಿತ್ತೆಂದು ಓದಿದೆ. ಅದು ಹೇಗೆ ಸಾಧ್ಯವಾಯಿತು? ಅದು ಭಾರತಕ್ಕೆ ಬಂದಿತ್ತೇ?
– ಓದುಗರೊಬ್ಬರು, ಧಾರವಾಡ

ಉತ್ತರ: ತೂಕ ಕಡಿಮೆ ಇದ್ದದ್ದು ಮೊದಲ ಕಾರಣ. ಬ್ರಿಟಿಷ್ ವಾಯುಪಡೆಯಲ್ಲಿ ಅಧಿಕಾರಿಯಾಗಿದ್ದ ನಿಕೊಲಸ್ ಕಾಂಪರ್ ಅವರು ಚೆಷೈರಿನ ಹೂಟನ್ ಪಾರ್ಕಿನಲ್ಲಿ ಕಟ್ಟಿದ ಈ ಒಂಟಿ ಆಸನದ ವಿಮಾನದ ಚೌಕಟ್ಟು ಸ್ಪ್ರೂಸ್ ಮರದ್ದು, ಹೊದಿಕೆ ಬಟ್ಟೆಯದು. ರೆಕ್ಕೆಗಳ ಒಟ್ಟು ಅಗಲ 7.3 ಮೀಟರ್ ಮಾತ್ರ. ಖಾಲಿ ತೂಕ 250 ಕಿಲೋಗ್ರಾಮಿನ ಆಸುಪಾಸು. ರೆಕ್ಕೆಗಳನ್ನು ಹಿಂದಕ್ಕೆ ಮಡಚಿ ಚಿಕ್ಕ ಜಾಗದಲ್ಲಿ ಇಡಬಹುದಾಗಿತ್ತು.

ಆದರೆ ನಿಜವಾದ ಜಾಣ್ಮೆ ಇರುವುದು ಎಂಜಿನ್ನಿನಲ್ಲಿ. ಚಿಕ್ಕ ಎಂಜಿನ್ ಹೆಚ್ಚು ಶಕ್ತಿ ಕೊಡಬೇಕಾದರೆ ಅತಿವೇಗವಾಗಿ ತಿರುಗಬೇಕು. ಅಷ್ಟೇ ವೇಗದಲ್ಲಿ ಪ್ರೊಪೆಲ್ಲರನ್ನೂ ತಿರುಗಿಸಿದರೆ ಶಕ್ತಿಯ ದೊಡ್ಡ ಪಾಲು ವ್ಯರ್ಥವಾಗುತ್ತದೆ. ಡಗ್ಲಸ್ ಪಾಬ್‌ಜಾಯ್ ಅವರು ತಮ್ಮ ಏಳು ಸಿಲಿಂಡರುಗಳ ಎಂಜಿನ್ನಿಗೆ ಗಿಯರು ಜೋಡಿಸಿ, ಎಂಜಿನ್ ನಿಮಿಷಕ್ಕೆ 3,000 ಸುತ್ತು ತಿರುಗಿದರೂ ಪ್ರೊಪೆಲ್ಲರ್ ಅದರ ಅರ್ಧಕ್ಕಿಂತಲೂ ಕಡಿಮೆ ಸುತ್ತು ತಿರುಗುವಂತೆ ಮಾಡಿದರು. ಎಂಜಿನ್ನಿನ ವ್ಯಾಸವೂ ಎರಡೂವರೆ ಅಡಿಗಿಂತ ಕಡಿಮೆಯಾದ್ದರಿಂದ ಮೂತಿಯನ್ನು ಸಪೂರವಾಗಿ ಇಡಲು ಸಾಧ್ಯವಾಯಿತು. ಈ ಹೊಂದಾಣಿಕೆಯಿಂದಲೇ ಗಂಟೆಗೆ ಸುಮಾರು 225 ಕಿ.ಮೀ. ವೇಗ ದಕ್ಕಿತು. ಮೊದಮೊದಲು ಬೇರೆ ಎಂಜಿನ್ನುಗಳಿಂದ ಹಾರಿದ ಸ್ವಿಫ್ಟ್ ಹೆಸರು ಗಳಿಸಿದ್ದು ಪಾಬ್‌ಜಾಯ್ ಎಂಜಿನ್ ಬಂದ ಮೇಲೆಯೇ. 1931ರಲ್ಲಿ ಆರ್ಥರ್ ಬಟ್ಲರ್ ಇದೇ ಪುಟ್ಟ ವಿಮಾನದಲ್ಲಿ ಇಂಗ್ಲೆಂಡಿನಿಂದ ಆಸ್ಟ್ರೇಲಿಯಕ್ಕೆ ಒಂಬತ್ತು ದಿನಗಳಿಗಿಂತ ತುಸು ಹೆಚ್ಚಿನ ಅವಧಿಯಲ್ಲಿ ಒಬ್ಬರೇ ಹಾರಿ ಹೊಸ ದಾಖಲೆ ಬರೆದರು. ದೊಡ್ಡ ಶಕ್ತಿಯ ಎಂಜಿನ್ನುಗಳ ಸಾಧನೆಗಳಿಗಿಂತ ಈ ಯಾನವೇ ನನಗೆ ಹೆಚ್ಚು ಮೆಚ್ಚುಗೆಯಾಗುತ್ತದೆ.

ಭಾರತಕ್ಕೆ ಖಂಡಿತವಾಗಿಯೂ ಬಂದಿತ್ತು. 1933ರಲ್ಲಿ ದೆಹಲಿಯಲ್ಲಿ ನಡೆದ ವೈಸ್‌ರಾಯ್ ಕಪ್ ವಿಮಾನ ಸ್ಪರ್ಧೆಗೆಂದು ರಿಚರ್ಡ್ ಷಟಲ್‌ವರ್ತ್ ಅವರು ಇಂಗ್ಲೆಂಡಿನಿಂದ ಸ್ವಿಫ್ಟ್ ವಿಮಾನವನ್ನೇ ಹಾರಿಸಿಕೊಂಡು ಬಂದರು. ಅಸ್ಸಾಮಿನ ಸಿಲ್ಚರ್ ಕಡೆಯ ಚಹಾ ತೋಟಗಾರ ಆಲ್ಬನ್ ಅಲಿ ಅವರ ಬಳಿಯೂ ‘ಸ್ಕಾರ್ಲೆಟ್ ಏಂಜಲ್’ ಎಂಬ ಹೆಸರಿನ ಒಂದು ಸ್ವಿಫ್ಟ್ ಇತ್ತು. ವಿಟಿ-ಎಡಿಒ ಎಂಬ ಭಾರತೀಯ ನೋಂದಣಿ ಹೊಂದಿದ್ದ ಆ ವಿಮಾನ ಮುಂದೆ ಇಂಗ್ಲೆಂಡಿಗೆ ಮರಳಿ, ಬೆಡ್‌ಫರ್ಡ್‌ಷೈರಿನ ಓಲ್ಡ್ ವಾರ್ಡನ್‌ನಲ್ಲಿರುವ ಷಟಲ್‌ವರ್ತ್ ಸಂಗ್ರಹಕ್ಕೆ ಸೇರಿತು.