ಡಬ್ಬಿ ಎಸೆಯಬೇಡಿ ಸ್ವಾಮಿ

ಜಯನಗರದ ಓದುಗರೊಬ್ಬರ ಪತ್ರದ ಸಾರ ಇಷ್ಟು. ತೀರಿಕೊಂಡ ಅಪ್ಪ 1960ರ ದಶಕದಲ್ಲಿ 8 ಎಂಎಂ ಕ್ಯಾಮೆರಾದಲ್ಲಿ ತೆಗೆದ ಆರು ರೀಲು ಅಟ್ಟದಲ್ಲಿ ಸಿಕ್ಕವಂತೆ. ಒಂದರಲ್ಲಿ ಬಸವನಗುಡಿಯ ಕಡಲೆಕಾಯಿ ಪರಿಷೆ ಇದೆ. ಎಲ್ಲವನ್ನೂ ಪೆನ್‌ಡ್ರೈವ್‌ಗೆ ಹಾಕಿಸಿ ಯೂಟ್ಯೂಬ್‌ಗೂ ಏರಿಸಿದ್ದಾರೆ. 'ಇನ್ನು ತುಕ್ಕು ಹಿಡಿದ ಡಬ್ಬಿಗಳನ್ನು ಗುಜರಿಗೆ ಹಾಕಬಹುದಲ್ವಾ? ಹಳೇ ರೀಲು ಕಾಪಾಡ್ತೀವಿ ಅಂತ ಲಕ್ಷಗಟ್ಟಲೆ ಸುರಿಯೋದು ದುಡ್ಡು ಜಾಸ್ತಿ ಆದವರ ಶೋಕಿ' ಎಂದೂ ಬರೆದಿದ್ದಾರೆ.

ಅಟ್ಟ ಹತ್ತಿ ಅವನ್ನು ಇಳಿಸಿದ್ದಕ್ಕೆ ನಿಮಗೊಂದು ದೊಡ್ಡ ನಮಸ್ಕಾರ. ಎಷ್ಟೋ ಮಕ್ಕಳು ಅಷ್ಟೂ ಮಾಡುವುದಿಲ್ಲ. ಫ್ಲ್ಯಾಟಿನಲ್ಲಿ ಜಾಗ ಇಲ್ಲ, ಅಮೆರಿಕದಲ್ಲಿರುವ ಮೊಮ್ಮಕ್ಕಳಿಗೆ ಮೊಬೈಲಿನಲ್ಲೇ ನೋಡಲು ಸುಲಭ, ಅದೂ ಒಪ್ಪಿದೆ. ಆದರೆ ಡಬ್ಬಿ ಮಾತ್ರ ಎಸೆಯಬೇಡಿ.

ಪೆನ್‌ಡ್ರೈವ್‌ನಲ್ಲಿರುವುದು ನಕಲು ಸ್ವಾಮಿ. ಜೆರಾಕ್ಸ್ ಇದೆಯಲ್ಲ ಅಂತ ಮನೆಯ ಕ್ರಯಪತ್ರವನ್ನು ಗುಜರಿಗೆ ಹಾಕುತ್ತೀರಾ? ನಾಳೆ ಇನ್ನೂ ಒಳ್ಳೆಯ ಸ್ಕ್ಯಾನರ್ ಬಂದರೆ ಅದಕ್ಕೆ ಕೊಡಲು ರೀಲೇ ಬೇಕು. ಇದು ಕೈ ಸುಟ್ಟುಕೊಂಡವನ ಮಾತು. ಹಳೆಯ ರಂಗಕರ್ಮಿಗಳ ಜತೆ ಮಾತಾಡಿ ತುಂಬಿಸಿದ್ದ ಕ್ಯಾಸೆಟ್‌ಗಳನ್ನೆಲ್ಲ ಹಾರ್ಡ್‌ಡಿಸ್ಕ್‌ಗೆ ಇಳಿಸಿ, ಕ್ಯಾಸೆಟ್‌ಗಳನ್ನು ನಾನೇ ಖುಷಿಯಾಗಿ ಎಸೆದೆ. ಒಂದು ಬೆಳಗ್ಗೆ ಆ ಡಿಸ್ಕ್ ಟಿಕ್ ಟಿಕ್ ಅಂತ ಸದ್ದು ಮಾಡಿತು. ಅಷ್ಟೇ. ಅದರಲ್ಲಿದ್ದ ಇಬ್ಬರು ಈಗ ಇಲ್ಲ.

ಮೊದಲ ಕನ್ನಡ ಟಾಕಿ 'ಸತಿ ಸುಲೋಚನಾ' 1934ರಲ್ಲಿ ನಮ್ಮ ಸಿಟಿ ಮಾರ್ಕೆಟ್ ಹತ್ತಿರದ ಪ್ಯಾರಾಮೌಂಟ್‌ನಲ್ಲೇ ತೆರೆ ಕಂಡಿತು. ಇವತ್ತು ಅದರ ಒಂದು ಪ್ರಿಂಟೂ ಇಲ್ಲ. ಆದರೆ ಗಿರೀಶ ಕಾಸರವಳ್ಳಿಯವರ 'ಘಟಶ್ರಾದ್ಧ' ನೋಡಿ. 1977ರ ಚಿತ್ರ. ಅದರ ಕ್ಯಾಮೆರಾ ನೆಗೆಟಿವ್, ಅಂದರೆ ಶೂಟಿಂಗಿನಲ್ಲಿ ಕ್ಯಾಮೆರಾದೊಳಗೆ ಓಡಿದ ಮೂಲ ಫಿಲ್ಮ್, ಪುಣೆಯ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದಲ್ಲಿ ಉಳಿದಿತ್ತು. ಹಾಗಾಗಿಯೇ ಇಟಲಿಯ ಬೊಲೊನ್ಯಾದ ಲ್ಯಾಬಿನಲ್ಲಿ ಅದನ್ನು ಹೊಸದಾಗಿ ಎಬ್ಬಿಸಿ, 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ತೋರಿಸಲು ಆಯಿತು. ಅವತ್ತು ಯಾರೋ ಆ ನೆಗೆಟಿವ್ ಡಬ್ಬಿಯನ್ನು ಗುಜರಿಗೆ ಹಾಕಿದ್ದರೆ?

ಇನ್ನು ಶೋಕಿಯ ಮಾತು. ಎರಡೂವರೆ ಗಂಟೆಯ ಸಿನಿಮಾದಲ್ಲಿ ಸೆಕೆಂಡಿಗೆ 24ರಂತೆ 2,16,000 ಫ್ರೇಮ್ ಇರುತ್ತವೆ. ಫಿಲ್ಮಿನ ಅಂಚಿನಲ್ಲಿರುವ, ಯಂತ್ರದ ಹಲ್ಲು ಕೂರುವ ತೂತುಗಳು ಹರಿದಿದ್ದರೆ ಕೈಯಲ್ಲೇ ಅಂಟಿಸಿ, ತೊಳೆದು, ಸ್ಕ್ಯಾನ್ ಮಾಡಿ, ಆಮೇಲೆ ಒಂದೊಂದೇ ಫ್ರೇಮಿನ ಗೀರು ತೆಗೆಯುತ್ತಾ ಕೂರಬೇಕು. ದುಡ್ಡು ಹೋಗುವುದು ಅಲ್ಲಿಗೆ. ನಮ್ಮಲ್ಲಿ ಇದಕ್ಕೆ ದುಡ್ಡು ಹುಟ್ಟುವುದು ಕಷ್ಟ, ಕಪ್ಪುಬಿಳುಪು ಚಿತ್ರಕ್ಕೆ ಬಣ್ಣ ಬಳಿಯಲು ಮಾತ್ರ ಎಲ್ಲಿಂದಲೋ ಬರುತ್ತದೆ. ಛಾಯಾಗ್ರಾಹಕ ರಾತ್ರಿಯೆಲ್ಲ ಕೂತು ಹೊಂದಿಸಿದ ನೆರಳಿನ ಮೇಲೆ ಕುಂಕುಮ, ಅರಿಶಿನ ಎರಚಿದ ಹಾಗೆ. ಈಗಂತೂ ಕಂಪ್ಯೂಟರೇ ಮುಖಗಳನ್ನು ನುಣ್ಣಗೆ ಮಾಡಿ ಎಲ್ಲರನ್ನೂ ಮೇಣದ ಗೊಂಬೆ ಮಾಡಿಬಿಡುತ್ತದೆ. ಊರಲ್ಲಿ ಕೆರೆ ಮುಚ್ಚಿದ್ದೂ ಹೀಗೇ. ಹೂಳು ತೆಗೆಯಲು ಯಾರೂ ಇರಲಿಲ್ಲ, ಮೇಲೆ ಬಸ್ ಸ್ಟ್ಯಾಂಡ್ ಕಟ್ಟಲು ಎಲ್ಲರೂ ಇದ್ದರು. ಇರಲಿ, ಎಲ್ಲಿಗೋ ಹೋದೆ.

ನಿಮ್ಮ ರೀಲು ಒಂದೊಂದೂ ಓಡುವುದು ಸುಮಾರು ನಾಲ್ಕು ನಿಮಿಷ ಅಷ್ಟೇ. ಆ ಪರಿಷೆಯಲ್ಲಿ ಕಾಣುವ ಗಾಡಿ, ಅಂಗಡಿ, ಬೀದಿ ಇನ್ನೆಲ್ಲೂ ಸಿಗುವುದಿಲ್ಲ. ಡಬ್ಬಿ ತೆಗೆದು ಸ್ವಲ್ಪ ಮೂಸಿ. ಉಪ್ಪಿನಕಾಯಿ ಜಾಡಿಯಂಥ ಹುಳಿ ವಾಸನೆ, ಅಂದರೆ ವಿನೆಗರ್ ವಾಸನೆ ಬಂದರೆ ಫಿಲ್ಮ್ ಕೊಳೆಯತೊಡಗಿದೆ ಅಂತ ಅರ್ಥ. ಅಂಥದ್ದನ್ನು ಬೇರೆಯದರ ಜತೆ ಇಡಬೇಡಿ, ಆ ಹುಳಿ ಪಕ್ಕದ ರೀಲಿಗೂ ಹತ್ತುತ್ತದೆ. ಅಟ್ಟದ ಸೆಕೆಗಿಂತ ಬೀರುವಿನ ತಳದ ತಂಪೇ ವಾಸಿ. ಆಸೆಗೆ ಬಿದ್ದು ಹಳೇ ಪ್ರೊಜೆಕ್ಟರ್‌ಗೆ ಹಾಕಬೇಡಿ. ಕುಗ್ಗಿದ ಫಿಲ್ಮ್ ಪಟ್ ಅಂತ ಹರಿಯುತ್ತದೆ.

ಒಂದು ಶನಿವಾರ ಕಚೇರಿಗೆ ಬನ್ನಿ. ಪೆನ್‌ಡ್ರೈವ್ ತನ್ನಿ, ಪರಿಷೆ ನೋಡೋಣ. ಡಬ್ಬಿಗಳನ್ನೂ ತನ್ನಿ, ನಾನೂ ಒಮ್ಮೆ ಮೂಸಿ ನೋಡುತ್ತೇನೆ.